ಗಂಗವ್ವನ ಆಟಕ್ಕೆ ಜಾಗ

ಘಟಪ್ರಭೆಯ ದಂಡೆಯ ಮೇಲೆ ಒಂದು ಆಶ್ರಮ. ದೊಡ್ಡದೇನಲ್ಲ. ನಾಲ್ಕು ಕೋಣೆ, ಒಂದು ಅಡುಗೆಮನೆ, ಹೊಳೆಗೆ ಇಳಿಯುವ ಹನ್ನೊಂದು ಮೆಟ್ಟಿಲು.

ಅಲ್ಲೊಂದು ರೂಢಿಯಿತ್ತು. ಯಾರಿಗೂ ಕಾಯಂ ಜಾಗವಿಲ್ಲ. ಹೊಸಬರು ಬಂದರೆ ಕೂತವರು ಎದ್ದು ಕೊಡಬೇಕು. ರೂಢಿ ಹಾಕಿದವರು ಹಿರಿಯಜ್ಜ. ಅವರು ತೀರಿಕೊಂಡು ಒಂಬತ್ತು ವರ್ಷ. ಈಗ ಅದನ್ನು ನಡೆಸುವವರು ಅವರ ಶಿಷ್ಯೆ ನೀಲಮ್ಮ ತಾಯಿ.

ನೀಲಮ್ಮ ತಾಯಿಗೆ ಒಬ್ಬ ಶಿಷ್ಯ, ಫಕೀರಪ್ಪ. ಹೆಸರಿಗೆ ಫಕೀರ, ಸ್ವಭಾವದಲ್ಲಿ ಉಗ್ರಾಣ. ಹರಿದ ಚಪ್ಪಲಿಯ ಉಂಗುಟವನ್ನೂ ಎಸೆಯುವ ಪೈಕಿ ಅಲ್ಲ. ಆಶ್ರಮಕ್ಕೆ ಯಾರು ಏನು ಕೊಟ್ಟರೂ ಕಾವಿ ಬಟ್ಟೆಯಲ್ಲಿ ಸುತ್ತಿ, ಗಂಟು ಹಾಕಿ, ಪೆಟ್ಟಿಗೆಯಲ್ಲಿ ಇಡುತ್ತಿದ್ದ. ಕೆಟ್ಟ ಚಾರ್ಜರಿಗೂ ಅದೇ ಬಟ್ಟೆ, ಹಿರಿಯಜ್ಜನ ದನಿಗೂ ಅದೇ ಬಟ್ಟೆ.

ಹಿರಿಯಜ್ಜ ಸಂಜೆ ಮೆಟ್ಟಿಲ ಮೇಲೆ ಕೂತು ಆಡಿದ ಮಾತುಗಳನ್ನು ಭಕ್ತರೊಬ್ಬರು ರೆಕಾರ್ಡ್ ಮಾಡಿ, ಒಂದು ಹಾರ್ಡ್ ಡಿಸ್ಕಿನಲ್ಲಿ ಹಾಕಿ ಕೊಟ್ಟಿದ್ದರು. ಇದ್ದದ್ದು ಅದೊಂದೇ ಪ್ರತಿ.

ಲಕ್ವ ಹೊಡೆದು ಕೈ ಸೋತವರು ಆಶ್ರಮಕ್ಕೆ ಬಂದು ತಿಂಗಳೊಪ್ಪತ್ತು ಇರುತ್ತಿದ್ದರು. ಅವರಿಗಾಗಿ ಊರಿನ ಡಾಕ್ಟರಮ್ಮ ಒಂದು ಗೇಮ್ ಕನ್ಸೋಲ್ ಕೊಟ್ಟಿದ್ದರು. ಟಿವಿಯಲ್ಲಿ ಚೆಂಡು ಉರುಳಿಸುತ್ತ, ಗಾಳಿಪಟ ಹಾರಿಸುತ್ತ ಕೈ ಪಳಗಲಿ ಅಂತ. ಅದರ ಉಸ್ತುವಾರಿ ಫಕೀರಪ್ಪನದು. ಪುಕ್ಕಟೆ ಸಿಕ್ಕ ಆಟಗಳನ್ನೆಲ್ಲ ಅದರಲ್ಲಿ ತುಂಬಿಟ್ಟಿದ್ದ, ಇಪ್ಪತ್ತಾರು.

ಆಗ ಬಂದವಳು ಗುಳೇದಗುಡ್ಡದ ಗಂಗವ್ವ. ಖಣ ನೇಯುತ್ತಿದ್ದ ಕೈ. ಬಲಗೈ ಬೆರಳು ಐದೂ ಮಡಚಿಕೊಂಡು ಬಿಟ್ಟಿದ್ದವು. ಡಾಕ್ಟರಮ್ಮ ಅವಳಿಗೆಂದೇ ಒಂದು ಹೊಸ ಆಟ ಹೇಳಿದರು. ಮೀನುಗಳಿಗೆ ಕಾಳು ಹಾಕುವ ಆಟ, ಒಂದೊಂದು ಬೆರಳಿಗೆ ಒಂದೊಂದು ಗುಂಡಿ.

ಫಕೀರಪ್ಪ ಗುರುವಿನ ಬಳಿ ಬಂದ.

"ತಾಯಿ, ಡಬ್ಬಿ ತುಂಬೇತಿ. ಹೊಸ ಆಟ ಒಳಗ ಬರವಲ್ದು. ಜಾಗ ಇಲ್ಲ ಅಂತೈತಿ."

ತಾಯಿ ಸೊಪ್ಪು ಸೋಸುತ್ತಿದ್ದರು. "ಕುಂತವರು ಯಾರು?"

"ಇಪ್ಪತ್ತಾರು ಆಟ."

"ಈ ತಿಂಗಳು ಆಡಿದ್ದು ಎಷ್ಟು?"

"ಎರಡು. ಚೆಂಡಿಂದು, ಗಾಳಿಪಟದ್ದು."

"ಉಳಿದವು?"

"ಇರಲಿ ಅಂತ ಇಟ್ಟೀನಿ. ನಾಳೆ ಯಾರರೆ ಕೇಳಿದ್ರ?"

"ತಗದ್ರ ಮತ್ತ ಬರಂಗಿಲ್ಲೇನು?"

"ಬರ್ತಾವ. ಡೌನ್‌ಲೋಡ್ ಮಾಡಿದ್ರ ಎರಡು ತಾಸಿನಾಗ ಬರ್ತಾವ."

"ಹಂಗಾರ ಅವು ತವರುಮನ್ಯಾಗ ಆರಾಮ ಇರ್ಲಿ ಬಿಡು. ಕರೆದಾಗ ಬರೋ ಮಗಳನ್ನ ಇಲ್ಲಿ ಯಾಕ ಕೂಡಿ ಹಾಕೀ?"

ಫಕೀರಪ್ಪ ತಲೆ ಕೆರೆದುಕೊಂಡ. "ಆಟ ಅಳಿಸಿದ್ರ ಆಡಿದ್ದೂ ಹೋಗ್ತೈತಲ್ಲ ತಾಯಿ. ಹೋದ ವರ್ಷದ ಮಾಸ್ತರು ಒಂದು ಕೈಲೆ ನಲವತ್ತು ಹಂತ ಏರಿ ಹೋಗ್ಯಾರ."

"ನನಗೇನು ತಿಳೀತೈತೋ? ಡಾಕ್ಟರಮ್ಮನ್ನ ಕೇಳು."

ಕೇಳಿದ. ಫೋನಿನಲ್ಲಿ ಡಾಕ್ಟರಮ್ಮ ನಕ್ಕರು. ಆಟವನ್ನು ಡಿಲೀಟ್ ಮಾಡಿದರೂ ಆಡಿದ ಗುರುತು ಬೇರೆ ಕಡೆ ಸೇವ್ ಆಗಿರುತ್ತದೆ, ಅದಕ್ಕೆ ಬೇಕಾಗುವ ಜಾಗ ಚೂರೇ ಚೂರು, ಅದನ್ನು ಮುಟ್ಟಬೇಡ ಅಷ್ಟೇ ಎಂದರು.

ತಾಯಿಗೆ ಈ ಮಾತು ಬಹಳ ಹಿಡಿಸಿತು. "ನೋಡೋ! ಆಟ ಮನಿಯಷ್ಟು, ಆಡಿದ್ದು ಸಾಸಿವಿಯಷ್ಟು. ನಾ ಇಷ್ಟು ವರ್ಷ ಬಡಕೊಂಡ್ರೂ ನಿನಗ ಇಷ್ಟು ಸಸಾರ ಹೇಳಾಕ ಬರಲಿಲ್ಲ."

ಫಕೀರಪ್ಪ ಟಿವಿಯ ಮುಂದೆ ಕೂತ. ಪಟ್ಟಿ ತೆರೆದ. ಡಿಲೀಟ್ ಎಂಬಲ್ಲಿಗೆ ಹೋದ. ವಾಪಸು ಬಂದ. ಮತ್ತೆ ಹೋದ, ಮತ್ತೆ ಬಂದ. ಅವನಿಗೆ ಕೈ ಬರಲಿಲ್ಲ.

ಬಾಗಿಲಲ್ಲಿ ಗಂಗವ್ವ ನಿಂತಿದ್ದಳು. "ತಮ್ಮಾ, ನನ್ನ ಮೀನ ಬಂದ್ವೇನು?"

"ನಾಳಿಗೆ ಬರ್ತಾವ ಬೇ."

"ನಿನ್ನೇನೂ ಹಿಂಗ ಅಂದಿದ್ದಿ" ಎಂದು ಅವಳು ಒಳಗೆ ಹೋದಳು.

ಅವನಿಗೆ ನಾಚಿಕೆಯಾಯಿತು. ಆಗಲೇ ಹೊಳೆಯಿತು: ಹೊರಗಿನಿಂದ ಒಂದು ಹಾರ್ಡ್ ಡಿಸ್ಕ್ ಸಿಕ್ಕಿಸಿದರೆ ಕನ್ಸೋಲಿಗೆ ಜಾಗ ಹೆಚ್ಚುತ್ತದಂತೆ. ಭಕ್ತರು ಕೊಟ್ಟ ಖಾಲಿ ಡಿಸ್ಕ್ ಒಂದು ಪೆಟ್ಟಿಗೆಯಲ್ಲಿ ಇತ್ತಲ್ಲ! ಪೆಟ್ಟಿಗೆ ತೆಗೆದ. ಕಾವಿ ಗಂಟುಗಳ ಮೇಲೆ ಕಾವಿ ಗಂಟು. ತಡಕಿ ಒಂದನ್ನು ಬಿಚ್ಚಿದ. ಕಪ್ಪು ಡಿಸ್ಕ್ ಸಿಕ್ಕಿತು.

ಸಿಕ್ಕಿಸಿದೊಡನೆ ಟಿವಿ ಕೇಳಿತು: ಇದರಲ್ಲಿರುವುದೆಲ್ಲ ಅಳಿಸಿಹೋಗುತ್ತದೆ, ಮುಂದುವರಿಯಲೇ?

"ಖಾಲಿ ಡಿಸ್ಕಿನ್ಯಾಗ ಅಳಿಸೋದೇನೈತಿ ಮಣ್ಣು" ಎಂದು ಫಕೀರಪ್ಪ ಹೂಂ ಒತ್ತಿದ.

ಆಡದ ಇಪ್ಪತ್ತನಾಲ್ಕು ಆಟವನ್ನೂ ಅದಕ್ಕೆ ಸಾಗಿಸಿದ. ಒಳಗೆ ಬೇಕಾದಷ್ಟು ಜಾಗವಾಯಿತು. ಮೀನಿನ ಆಟ ಬಂತು. ಓಡಿಹೋಗಿ ಗುರುವಿಗೆ ಹೇಳಿದ.

"ಒಂದನ್ನೂ ಕಳಕೊಳ್ಳಲಿಲ್ಲ ತಾಯಿ! ಅಟ್ಟ ಕಟ್ಟಿದಂಗ ಕಟ್ಟಿಬಿಟ್ಟೆ."

"ಅಟ್ಟದ ಮ್ಯಾಲಿದ್ದಾಗ ಆಡಾಕ ಬರ್ತೈತೇನು?"

"ಇಲ್ಲ. ಆಡಬೇಕಂದ್ರ ಕೆಳಗ ಇಳಿಸಿಕೋಬೇಕು."

"ಅಂದ್ರ ತವರುಮನ್ಯಾಗೂ ಇಲ್ಲ, ಗಂಡನ ಮನ್ಯಾಗೂ ಇಲ್ಲ" ಎಂದು ತಾಯಿ ನಕ್ಕರು. "ಇರ್ಲಿ. ಗಂಗವ್ವಗ ಆಟ ಸಿಕ್ತಲ್ಲ."

ಮೂರನೆಯ ದಿನ ಹಿರಿಯಜ್ಜನ ಪುಣ್ಯತಿಥಿ. ಬೆಳಿಗ್ಗೆಯೇ ತಾಯಿ ಹೇಳಿದರು, "ಇವತ್ತು ಸಂಜಿಕೆ ಅಜ್ಜನ ದನಿ ಹಚ್ಚು ಫಕೀರಪ್ಪ. ಯಾಕೋ ಕೇಳಬೇಕು ಅನಿಸೇತಿ."

ಅವನು ಪೆಟ್ಟಿಗೆ ತೆಗೆದ. ಗಂಟು ಬಿಚ್ಚಿದ. ಒಳಗೆ ಪ್ಲಾಸ್ಟಿಕ್ ಹೊದಿಕೆಯನ್ನೂ ಒಡೆಯದ ಹೊಚ್ಚಹೊಸ ಡಿಸ್ಕ್.

ಉಳಿದ ಗಂಟುಗಳನ್ನೆಲ್ಲ ಬಿಚ್ಚಿದ. ಮೂವತ್ತೊಂದು ಗಂಟು. ಚಾರ್ಜರು, ಒಡೆದ ಕನ್ನಡಕ, ನಿಂತ ಗಡಿಯಾರ. ಅಜ್ಜನ ದನಿಯ ಡಿಸ್ಕ್ ಇರಲಿಲ್ಲ. ಅದು ಟಿವಿಯ ಪಕ್ಕದಲ್ಲಿ ಸಣ್ಣ ದೀಪ ಮಿಣುಕಿಸುತ್ತ ಕೂತಿತ್ತು.

ಯಾರಿಗೂ ಹೇಳದೆ ಅದನ್ನು ಹಿಡಿದುಕೊಂಡು ಬಸ್ಸು ಹತ್ತಿ ಊರಿಗೆ ಹೋದ. ಕಂಪ್ಯೂಟರ್ ಅಂಗಡಿಯವನು ಒಂದು ತಾಸು ನೋಡಿದ. ಪಾಪ, ಒಳ್ಳೆಯ ಮನುಷ್ಯ.

"ಬರೇ ಅಳಿಸಿದ್ರ ಏನರೆ ತೆಗೀಬಹುದಿತ್ತು ಅಣ್ಣಾ. ಅದರ ಮ್ಯಾಲ ಇಷ್ಟು ಆಟ ಹೇರೀರಿ. ಕೆಳಗ ಏನೂ ಉಳಿದಿಲ್ಲ" ಎಂದ.

ಫಕೀರಪ್ಪ ಮರಳಿದಾಗ ಹೊತ್ತು ಇಳಿದಿತ್ತು. ತಾಯಿ ಮೆಟ್ಟಿಲ ಮೇಲೆ ಒಬ್ಬರೇ ಕೂತಿದ್ದರು. ಅವನು ಮೂರು ಮೆಟ್ಟಿಲು ಕೆಳಗೆ ನಿಂತ. ಡಿಸ್ಕನ್ನು ಅವರ ಪಾದದ ಬಳಿ ಇಟ್ಟ. ನಡೆದದ್ದನ್ನೆಲ್ಲ ಹೇಳಿದ. ಒಂದನ್ನೂ ಮುಚ್ಚಿಡಲಿಲ್ಲ.

ತಾಯಿ ಡಿಸ್ಕನ್ನು ಎತ್ತಿ ಮಡಿಲಲ್ಲಿ ಇಟ್ಟುಕೊಂಡರು. ಅವರ ಕಣ್ಣು ತುಂಬಿ ಬಂತು. ಸೆರಗಿನಿಂದ ಒರೆಸಿಕೊಂಡರು. ಮತ್ತೆ ತುಂಬಿತು. ಈ ಸಲ ಒರೆಸಿಕೊಳ್ಳಲಿಲ್ಲ.

"ನಾ ಹೊಂಡ್ತೀನಿ ತಾಯಿ" ಎಂದ ಫಕೀರಪ್ಪ. "ನಿಮ್ಮ ಮಾರಿ ನೋಡಾಕ ನನಗ ಮಾರಿ ಇಲ್ಲ. ಬಂದ ಕೂಡಲೇ ಟಿವಿಗೆ ಹಚ್ಚಿ ಆ ಇಪ್ಪತ್ನಾಲ್ಕು ಆಟನೂ ಅಳಿಸಿ ಒಗದೆ."

"ಅಯ್ಯ! ಅವೇನು ಪಾಪ ಮಾಡಿದ್ವೋ? ಸಿಟ್ಟಿನ ಕೈಲೆ ಕಸಬರಿಗಿ ಹಿಡೀಬ್ಯಾಡ" ಎಂದರು ತಾಯಿ, ಅಳುತ್ತಲೇ. "ಮಾಸ್ತರ ನಲವತ್ತು ಹಂತ?"

"ಅದನ್ನ ಮುಟ್ಟಿಲ್ಲ. ಹಂಗ ಐತಿ."

"ಮತ್ತ ಗಂಗವ್ವ? ಆಡಿದಳೇನು?"

"ಆಡಿದಳು. ನಿನ್ನೆ ನಡುವಿನ ಬೆರಳು ಬಿಚ್ಚಿತು. ಒಂದು ಮೀನಕ್ಕ ಕಾಳು ಹಾಕಿ, ನನ್ನ ಕರದು ತೋರಿಸಿದಳು."

ತಾಯಿ ಮಡಿಲಲ್ಲಿದ್ದ ಡಿಸ್ಕನ್ನು ತೆಗೆದು ಪಕ್ಕಕ್ಕೆ ಇಟ್ಟರು.

"ಯಾರರೆ ಬಂದ್ರ ಅಜ್ಜ ಎದ್ದು ನಿಲ್ಲತಿದ್ದ" ಎಂದರು. "ಬ್ಯಾಡ್ರೀ ಅಜ್ಜಾ ಅಂದ್ರೂ ಕೇಳತಿದ್ದಿಲ್ಲ. ಈಗೂ ಗಂಗವ್ವಗ ತನ್ನ ಜಾಗ ಬಿಟ್ಟು ಕೊಟ್ಟಾನ, ಅಷ್ಟ."

ಫಕೀರಪ್ಪನ ದುಃಖ ಒಡೆದು ಬಂತು. ಮಗುವಿನಂತೆ ಅತ್ತ.

"ಒಂಬತ್ತು ವರ್ಷ ಸುತ್ತಿ ಇಟ್ಟೆ ತಾಯಿ. ಒಂದು ದಿನನೂ ಕೇಳಲಿಲ್ಲ. ಅಜ್ಜನ್ನ ನಾ ಕಂಡವನಲ್ಲ. ಕೇಳಿದ್ರ ಸವೀತೈತೇನೋ ಅಂತ ಅಂಜಿ ಇಟ್ಟೆ. ಈಗ ಅವರು ಏನಂತಿದ್ರು ಅಂತ ನನಗ ಯಾರು ಹೇಳ್ತಾರ?"

ತಾಯಿ ತಾವು ಕೂತ ಮೆಟ್ಟಿಲಿನಿಂದ ಎದ್ದರು. ಒಂದು ಮೆಟ್ಟಿಲು ಕೆಳಗೆ ಇಳಿದು ಕೂತರು.

"ಅಲ್ಲಿ ಕುಂಡ್ರು."

"ಅದು ನಿಮ್ಮ ಜಾಗ ತಾಯಿ."

"ಕುಂಡ್ರಂದ್ರ ಕುಂಡ್ರೋ!"

ಅವನು ಕೂತ.

ತಾಯಿ ಎರಡು ಸಲ ಕೆಮ್ಮಿದರು. ಅದು ಅವರ ಕೆಮ್ಮಲ್ಲ, ಯಾರೋ ವಯಸ್ಸಾದ ಗಂಡಸಿನ ಕೆಮ್ಮು. ಆಮೇಲೆ ದನಿ ತಗ್ಗಿಸಿ, ನಿಧಾನ ಮಾಡಿ ಕೇಳಿದರು:

"ಎಲ್ಲಾರದೂ ಊಟ ಆತೇನು?"

ತನ್ನನ್ನೇ ಕೇಳುತ್ತಿದ್ದಾರೆ ಅಂದುಕೊಂಡ ಫಕೀರಪ್ಪ. ಮೂಗು ಒರೆಸಿಕೊಳ್ಳುತ್ತ ಹೇಳಿದ, "ಇಲ್ಲ ತಾಯಿ. ಮುಂಜಾನಿಂದ ನೀರೂ ಮುಟ್ಟಿಲ್ಲ."

ತಾಯಿ ಮೊಣಕಾಲು ಹಿಡಿದುಕೊಂಡು ಎದ್ದರು. ಅವನ ಕಡೆ ಕೈ ಚಾಚಿದರು.

"ಏಳು ಹಂಗಾರ, ಮೊದಲ ಒಂದು ತುತ್ತು ಉಣ್ಣು. ಒಬ್ಬರು ಹಸಿದು ಕುಂತಿದ್ರೂ ಅಜ್ಜ ಮುಂದಿನ ಮಾತು ಆಡತಿದ್ದಿಲ್ಲ."