ಎಡಗೈ ನಾಡಿ

ಹೊಳೆಯ ದಡದ ಆಶ್ರಮದಲ್ಲಿ ಗವಿಯಪ್ಪ ಪಂಡಿತರು ವೈದ್ಯ ಕಲಿಸುತ್ತಿದ್ದರು.

ಅಲ್ಲಿ ಮೊದಲ ಪಾಠವೇ ನಾಡಿ. ಗಂಡಸಾದರೆ ಬಲಗೈ, ಹೆಂಗಸಾದರೆ ಎಡಗೈ. ಮಣಿಕಟ್ಟಿನ ಮೇಲೆ ಮೂರು ಬೆರಳಿಟ್ಟು, ಬಾಯಿ ಮುಚ್ಚಿಕೊಂಡು ಕೂರಬೇಕು.

ಶಿಷ್ಯ ಶ್ರೀಕಂಠನಿಗೆ ಬೆರಳಿಡುವುದು ಚೆನ್ನಾಗಿ ಬಂದಿತ್ತು. ಬಾಯಿ ಮುಚ್ಚುವುದು ಇನ್ನೂ ಬಂದಿರಲಿಲ್ಲ.

ಕಲಿತು ಮುಗಿಸಿದ ಶಿಷ್ಯನಿಗೆ ಗುರುಗಳು ತಾವೇ ನೇಯ್ದ ಜೊಂಡಿನ ಚಾಪೆ ಕೊಡುವುದು ಅಲ್ಲಿನ ಪದ್ಧತಿ. ಅದರ ಮೇಲೆ ಕೂತವನು ಯಾರ ಅಪ್ಪಣೆಯೂ ಇಲ್ಲದೆ ರೋಗಿಗಳನ್ನು ನೋಡಬಹುದು. ಶ್ರೀಕಂಠನ ಚಾಪೆಯನ್ನು ಗುರುಗಳು ನೇಯಲು ಶುರುಮಾಡಿ ಬಹಳ ಕಾಲವಾಗಿತ್ತು. ಅವನು ಜಾಣತನ ತೋರಿದ ದಿನ ಒಂದಿಷ್ಟು ನೇಯುವರು, ಎಡವಟ್ಟು ಮಾಡಿದ ದಿನ ಅಷ್ಟನ್ನೂ ಬಿಚ್ಚುವರು. ಹೀಗಾಗಿ ಚಾಪೆ ಇದ್ದಲ್ಲೇ ಇತ್ತು.

ಶಿವರಾತ್ರಿ ಕಳೆದ ಮೇಲೆ ಒಂದು ಬೆಳಿಗ್ಗೆ ಆಚೆ ದಡದ ಊರಿನಿಂದ ದೊಡ್ಡೀರಯ್ಯ ಬಂದ. ಹಿಟ್ಟಿನ ಮಿಲ್ಲು ನಡೆಸುವವನು. ಹುಬ್ಬಿನ ಮೇಲೆ ಇನ್ನೂ ರಾಗಿ ಹಿಟ್ಟಿತ್ತು. ಹಿಂದೆ, ತಲೆ ತಗ್ಗಿಸಿ ನಿಂತ, ಅವನಷ್ಟೇ ಎತ್ತರಕ್ಕೆ ಬೆಳೆದ ಅವನ ಮಗು.

"ನನ್ಗಿರೋನು ಒಬ್ನೇ ಮಗ ಬುದ್ಧಿ. ಶಿವಲಿಂಗ ಅಂತ. ಕಾಲೇಜು ಮುಗಿಸವ್ನೆ. ಆದ್ರೆ ನಾನು ಗಂಡಲ್ಲ, ಹೆಣ್ಣು ಅಂತಾನೆ. ಚಿಕ್ಕೋನಿದ್ದಾಗ್ಲಿಂದ ಇದೇ ಪಾಡು. ಬಯ್ದೆ. ಹೊಡ್ದೆ. ದೆವ್ವ ಬಿಡಿಸೋನ ತಾವಕ್ಕೂ ಕರ್ಕೊಂಡೋದೆ. ಅವನು ಬೇವಿನ ಬರ್ಲಲ್ಲಿ ಬಾರಿಸ್ದ."

"ದೆವ್ವ ಹೋಯಿತೇ?" ಗುರುಗಳು ಕೇಳಿದರು.

"ಇದ್ರೆ ತಾನೇ ಹೋಗೋಕೆ."

ದೊಡ್ಡೀರಯ್ಯ ಹೊಳೆಯ ಕಡೆ ಮುಖ ತಿರುಗಿಸಿದ. ಮುಂದಿನ ಮಾತನ್ನು ಮಗುವಿನ ಮುಖ ನೋಡಿಕೊಂಡು ಆಡುವ ಧೈರ್ಯ ಅವನಿಗಿರಲಿಲ್ಲ.

"ಯುಗಾದಿ ಹೊತ್ಗೆ ಬತ್ತೀನಿ. ವಾಸಿಯಾಗಿದ್ರೆ ಮನೆಗೆ ಕರ್ಕೊಂಡೋಯ್ತೀನಿ. ಇಲ್ದಿದ್ರೆ ನನ್ಗೆ ಮಗನೇ ಹುಟ್ಲಿಲ್ಲ ಅಂದ್ಕೋತೀನಿ."

ಅಷ್ಟು ಹೇಳಿ ತೆಪ್ಪ ಹತ್ತಿ ಹೊರಟೇಹೋದ.

ಗುರುಗಳು ಶ್ರೀಕಂಠನ ಕಡೆ ನೋಡಿದರು. "ಇದು ನಿನ್ನ ರೋಗಿ. ವಾಸಿ ಮಾಡು, ಚಾಪೆ ಮುಗಿಸಿ ಅಂಚು ಕಟ್ಟುತ್ತೇನೆ."

ಶ್ರೀಕಂಠನಿಗೆ ನಿಂತಲ್ಲೇ ರೆಕ್ಕೆ ಬಂದಂತಾಯಿತು.

ಮಗು ಬಂದು ಎದುರಿಗೆ ಕೂತಿತು. ತುಂಬುತೋಳಿನ ಅಂಗಿ, ಹಿಂದಕ್ಕೆ ಬಿಗಿದು ಕಟ್ಟಿದ ಕೂದಲು. ಬೆಳಗಿನಿಂದ ರೋಗಿಗಳ ಸಾಲನ್ನು ನೋಡಿ ಅಲ್ಲಿನ ರೀತಿ ತಿಳಿದುಕೊಂಡಿತ್ತು. ಯಾರೂ ಕೇಳುವ ಮೊದಲೇ ಎಡಗೈ ಚಾಚಿತು.

"ಅದಲ್ಲಪ್ಪ, ಈ ಕೈ," ಎಂದು ನಕ್ಕು ಶ್ರೀಕಂಠ ಬಲಗೈಯನ್ನು ಎಳೆದುಕೊಂಡ.

ಆಮೇಲೆ ಗುರುಗಳ ಬಳಿಗೆ ಓಡಿದ. "ಸಿಕ್ಕಿತು ಗುರುಗಳೇ. ಗಂಡಾಗಿದ್ದು ಹೆಣ್ಣು ಅಂದುಕೊಳ್ಳುವ ಭ್ರಮೆ."

"ನಾಡಿ ಹಾಗಂತ ಹೇಳಿತೇ?"

"ನಾಡಿ ನಿದ್ದೆಯಿಲ್ಲ, ಭಯ ಇದೆ ಅಂತ ಹೇಳಿತು. ಭ್ರಮೆಯ ವಿಷಯ ಅವರಪ್ಪನೇ ಹೇಳಿದರಲ್ಲ."

"ಹಾಗಾದರೆ ನೀನು ನೋಡಿದ್ದು ಅಪ್ಪನ ನಾಡಿ," ಎಂದು ಗುರುಗಳು ಚಾಪೆಯ ಒಂದು ಸಾಲು ಬಿಚ್ಚಿದರು.

ಶ್ರೀಕಂಠನಿಗೆ ಮಾತು ಅರ್ಥವಾಗಲಿಲ್ಲ. ಬಿಚ್ಚಿದ ಸಾಲು ಮಾತ್ರ ಕಣ್ಣಿಗೆ ಬಿತ್ತು.

ಅವನು ನೆಲಬೇವು, ಒಂದೆಲಗ, ಇನ್ನೂ ಏನೇನೋ ಹಾಕಿ ಕಷಾಯ ಕುದಿಸಿದ. ಅದರ ಕಹಿಗೆ ಒಲೆ ಪಕ್ಕದಲ್ಲಿದ್ದ ಬೆಕ್ಕೂ ಎದ್ದು ಹೋಯಿತು.

ಮಗು ದಿನವೂ ಮೊದಲು ಎಡಗೈ ಚಾಚುತ್ತಿತ್ತು. ಶ್ರೀಕಂಠ ಬಲಗೈ ಹಿಡಿಯುತ್ತಿದ್ದ. ಆಮೇಲೆ ಕಷಾಯ. ಒಂದು ತೊಟ್ಟೂ ಬಿಡದೆ ಕುಡಿಯುತ್ತಿದ್ದುದನ್ನು ಕಂಡು ಅವನಿಗೇ ಆಶ್ಚರ್ಯ.

"ಇಷ್ಟು ಕಹಿ ಹೇಗೆ ಕುಡೀತೀಯಪ್ಪ?"

"ಯುಗಾದಿಗೆ ಮನೆಗೆ ಹೋಗ್ಬೇಕು. ಅವ್ವನ್ನ ನೋಡ್ಬೇಕು. ಅದಕ್ಕೇ ಕುಡೀತೀನಿ."

"ಹಾಗಾದರೆ ಭ್ರಮೆ ಬಿಡುತ್ತಿದೆ ಅನ್ನು."

"ಎಷ್ಟು ಕುಡಿದ್ರೂ ಬೆಳಿಗ್ಗೆ ಎದ್ರೆ ನಾನು ನಾನೇ."

ಬೇವು ಚಿಗುರುವ ಹೊತ್ತಿಗೆ ಆ ಮಗುವಿನ ಕೆನ್ನೆ ಒಳಕ್ಕೆ ಹೋಗಿತ್ತು. ಒಂದು ಬೆಳಿಗ್ಗೆ ಗಂಜಿ ಮುಟ್ಟಲಿಲ್ಲ. ಎರಡೂ ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಗೋಡೆಯ ಕಡೆ ತಿರುಗಿ ಕೂತುಬಿಟ್ಟಿತು.

ಶ್ರೀಕಂಠ ಗಾಬರಿಯಾದ. ಆದರೂ ಗುರುಗಳ ಮುಂದೆ ಬಿಟ್ಟುಕೊಡಲಿಲ್ಲ. "ಭ್ರಮೆ ಗಟ್ಟಿಯಾಗಿದೆ. ಕಷಾಯ ಇನ್ನೂ ಗಟ್ಟಿ ಮಾಡುತ್ತೇನೆ."

"ಮಾಡು," ಅಂದರು ಗುರುಗಳು. "ಮಾಡಿ ಇಲ್ಲಿಗೆ ತಾರಮ್ಮ."

ಶ್ರೀಕಂಠ ತಿರುಗಿ ನೋಡಿದ. ಅಲ್ಲಿ ಬೇರೆ ಯಾರೂ ಇರಲಿಲ್ಲ.

"ಯಾರನ್ನು ಕರೆದಿರಿ?"

"ನಿನ್ನನ್ನೇ ಕಣಮ್ಮ, ಶ್ರೀಕಂಠಮ್ಮ."

ಗುರುಗಳಿಗೆ ವಯಸ್ಸಾಯಿತು ಎಂದುಕೊಂಡು ಅವನು ನಕ್ಕ. ಅಡುಗೆಮನೆಗೆ ಹೋದರೆ ಅಡುಗೆಯವರು, "ಬಾ ತಾಯಿ," ಅಂದರು. ಹೊಳೆಗೆ ಹೋದರೆ ಜೊತೆಯವರು, "ಹೆಂಗಸರ ಕಟ್ಟೆ ಆ ಕಡೆ, ಹೋಗಮ್ಮ," ಅಂದರು. ಗುರುಗಳು ಎಲ್ಲರಿಗೂ ಹೇಳಿಟ್ಟಿದ್ದರು. ಊಟಕ್ಕೂ ಹೆಂಗಸರ ಸಾಲಿನಲ್ಲೇ ಎಲೆ ಹಾಕಿದ್ದರು. ಮಧ್ಯಾಹ್ನದವರೆಗೆ ಅವನು ನಗುತ್ತಿದ್ದ. ಆಮೇಲೆ ನಗು ಬತ್ತಿತು. ಸಂಜೆಗೆ ಊಟ ಬಿಟ್ಟು ಎದ್ದ. ಮಾರನೆಯ ದಿನ ಯಾರ ಎದುರಿಗೂ ಬರಬಾರದೆನಿಸಿ ಸೌದೆ ಕೋಣೆಯಲ್ಲಿ ಅಡಗಿ ಕೂತ.

ಗುರುಗಳು ಅಲ್ಲಿಗೇ ಬಂದರು. ಕೈಯಲ್ಲಿ ಅವನೇ ಕುದಿಸಿದ ಕಷಾಯ.

"ಎಡಗೈ ಕೊಡಮ್ಮ. ನಾಡಿ ನೋಡುತ್ತೇನೆ."

ಶ್ರೀಕಂಠನಿಗೆ ತಡೆಯಲಾಗಲಿಲ್ಲ. "ಸಾಕು ನಿಲ್ಲಿಸಿ ಗುರುಗಳೇ! ನಾನು ಗಂಡಸು!"

"ಯಾರು ಹೇಳಿದರು?"

"ಯಾರು ಯಾಕೆ ಹೇಳಬೇಕು? ನನಗೆ ಗೊತ್ತು."

"ಗಡ್ಡ ಇದೆ ಅಂತ ಗೊತ್ತೋ?"

"ಗಡ್ಡ ಬೋಳಿಸಿದರೂ ನಾನು ಗಂಡಸೇ."

"ಮತ್ತೆ ಎಲ್ಲಿ ಗೊತ್ತು?"

"ಒಳಗೆ!" ಎಂದು ಅವನು ಎದೆ ಬಡಿದುಕೊಂಡ. ಕಣ್ಣಲ್ಲಿ ನೀರು ಬಂದಿತ್ತು. "ಎಲ್ಲರೂ ಸೇರಿ ಅಲ್ಲ ಅಂದರೂ ಒಳಗೆ ಗೊತ್ತು."

ಗುರುಗಳು ಕಷಾಯದ ಲೋಟ ಮುಂದೆ ಹಿಡಿದರು. "ಭ್ರಮೆ ಗಟ್ಟಿಯಾಗಿದೆ. ಕುಡಿ."

ಶ್ರೀಕಂಠ ಲೋಟವನ್ನು ಕೈಗೆ ತೆಗೆದುಕೊಂಡ. ಗೋಡೆಗೆ ಮುಖ ಮಾಡಿದ ಆ ಬೆನ್ನು ಅವನ ಕಣ್ಣಿಗೆ ಕಟ್ಟಿತು. ತಾನು ಒಂದು ದಿನ ಸಹಿಸಲಾರದ್ದನ್ನು ಆ ಜೀವ ಹುಟ್ಟಿದಾಗಿನಿಂದ ಸಹಿಸುತ್ತಿತ್ತು. ಮೇಲಿಂದ ತನ್ನ ಕಷಾಯ ಬೇರೆ. ಅವನಿಗೆ ತನ್ನ ಮೇಲೆಯೇ ಅಸಹ್ಯವಾಯಿತು.

ಎದ್ದು ಹೋಗಿ ಕಷಾಯವನ್ನು ಬೇಲಿಗೆ ಸುರಿದ. ಗೋಡೆಯ ಬಳಿ ಹೋಗಿ ನೆಲದ ಮೇಲೆ ಕೂತ.

"ಕೈ ಕೊಡಿ," ಅಂದ. ಯಾವ ಕೈ ಎಂದು ಹೇಳಲಿಲ್ಲ. ಬಾಯಿ ಮುಚ್ಚಿಕೊಂಡು ಕಾದ.

ಬಿಸಿಲು ಜಗಲಿ ದಾಟುವ ಹೊತ್ತಿಗೆ ಎಡಗೈ ಹೊರಗೆ ಬಂತು. ಶ್ರೀಕಂಠ ಅಂಗಿಯ ತೋಳನ್ನು ಮೆಲ್ಲಗೆ ಸರಿಸಿದ. ಒಳಗೊಂದು ಹಸಿರು ಗಾಜಿನ ಬಳೆ.

"ಇದು ಯಾವಾಗಿನಿಂದ ಇದೆ?"

"ಮೊದ್ಲನೇ ದಿನಾನೂ ಇತ್ತು. ನೀವು ಈ ಕೈ ನೋಡ್ಲಿಲ್ಲ."

ಬಳೆ ಒಡೆಯದಂತೆ ಮೇಲಕ್ಕೆ ಜರುಗಿಸಿ ಅವನು ಬೆರಳಿಟ್ಟ. "ನಿಮ್ಮ ಹೆಸರು?"

ಇಷ್ಟು ದಿನ ಯಾರೂ ಕೇಳಿರಲಿಲ್ಲ. ಅವಳು ಗೋಡೆ ಬಿಟ್ಟು ಈ ಕಡೆ ತಿರುಗಿದಳು. "ಹೊನ್ನಮ್ಮ. ನಮ್ಮಜ್ಜಿ ಹೆಸರು."

ಶ್ರೀಕಂಠ ಗುರುಗಳ ಬಳಿಗೆ ಈ ಸಲ ನಡೆದೇ ಹೋದ.

"ಏನು ಕಾಯಿಲೆ?"

"ಹಸಿವು. ನಿದ್ದೆಗೇಡು. ಭಯ."

"ಹೆಣ್ಣೆನ್ನುವುದು?"

"ಅದು ಕಾಯಿಲೆಯಲ್ಲ ಗುರುಗಳೇ. ಅದು ಅವಳು."

"ಮದ್ದು?"

"ಸದ್ಯಕ್ಕೆ ಗಂಜಿ. ಒಂದಿಷ್ಟು ಬೆಲ್ಲ."

ಗುರುಗಳು ಚಾಪೆ ಹತ್ತಿರಕ್ಕೆ ಎಳೆದುಕೊಂಡರು. ನೇಯಲಿಲ್ಲ, ಬಿಚ್ಚಲೂ ಇಲ್ಲ. "ನನಗೆ ತಿಳಿಯದ್ದೂ ಇದೆ," ಎಂದು ಪಟ್ಟಣದ ಆಸ್ಪತ್ರೆಗೆ ಹೇಳಿಕಳಿಸಿದರು. ಅವರಿಗೆ ಪರಿಚಯವಿದ್ದ ಡಾಕ್ಟರಮ್ಮ ಬಂದು ಹೊಂಗೆ ಮರದ ಕೆಳಗೆ ಹೊನ್ನಮ್ಮನೊಂದಿಗೆ ತುಂಬ ಹೊತ್ತು ಮಾತಾಡಿದರು. ಹೊನ್ನಮ್ಮ ನಗುವುದನ್ನು ಆಶ್ರಮದವರು ಅವತ್ತೇ ಮೊದಲು ಕೇಳಿದ್ದು.

"ಯಾಕೆ ಹೀಗಾಗುತ್ತದೆ ಡಾಕ್ಟರಮ್ಮ?" ಶ್ರೀಕಂಠ ಕೇಳಿದ.

"ಪೂರ್ತಿ ಯಾರಿಗೂ ಗೊತ್ತಿಲ್ಲ. ಕೆಲವರು ಹೀಗೇ ಇರ್ತಾರೆ, ಎಲ್ಲ ಕಾಲದಲ್ಲೂ ಇದ್ದರು. ಶಾಪ ಅಲ್ಲ, ಹೆತ್ತವರ ತಪ್ಪೂ ಅಲ್ಲ. ಮುಂಚೆ ನಮ್ಮೋರೂ ಇದನ್ನ ಮನಸ್ಸಿನ ಕಾಯಿಲೆ ಅಂತಿದ್ರು. ಈಗ ಹಾಗನ್ನೋದು ಬಿಟ್ಟಿದ್ದಾರೆ."

"ಮದ್ದೇ ಬೇಡವೇ?"

"ದೇಹವೂ ಮನಸ್ಸಿಗೆ ಹೊಂದಲಿ ಅಂತ ಅನಿಸಿದ್ರೆ ಅದಕ್ಕೆ ಚಿಕಿತ್ಸೆ ಇದೆ. ಬೇಕೋ ಬೇಡವೋ, ಎಷ್ಟು ಬೇಕು ಅನ್ನೋದನ್ನ ಅವಳು ನಿಧಾನವಾಗಿ ಯೋಚಿಸಲಿ. ಮೊದಲು ಮನೆಯೋರು ಜೊತೆಗಿರಲಿ. ಅದಿಲ್ಲದೆ ಸೊರಗಿದವರನ್ನ ನಾನು ಬಹಳ ನೋಡಿದ್ದೀನಿ."

ಯುಗಾದಿಯ ಹಿಂದಿನ ದಿನ ದೊಡ್ಡೀರಯ್ಯ ಬಂದ. ಕಂಕುಳಲ್ಲಿ ಹೊಸ ಬಟ್ಟೆಯ ಗಂಟು.

"ವಾಸಿ ಆಯ್ತಾ?"

ಗುರುಗಳು ಶ್ರೀಕಂಠನ ಕಡೆ ಬೆರಳು ತೋರಿಸಿದರು.

"ನಿದ್ದೆ ಬರುತ್ತಿದೆ. ಊಟ ಸೇರುತ್ತಿದೆ. ಭಯ ಮಾತ್ರ ಇನ್ನೂ ಇದೆ ಯಜಮಾನರೇ. ಅದು ನೀವು ಕರೆದುಕೊಂಡು ಹೋಗುವುದಿಲ್ಲ ಅನ್ನುವ ಭಯ."

"ಹೆಣ್ಣು ಅನ್ನೋ ಹುಚ್ಚು?"

"ಅವಳು ಹೆಣ್ಣೇ. ಹುಚ್ಚು ಇರಲಿಲ್ಲ. ನನಗಿತ್ತು, ಇಳಿಯಿತು."

ದೊಡ್ಡೀರಯ್ಯ ಗಂಟನ್ನು ಜಗಲಿಗೆ ಎಸೆದ. "ಇದನ್ನ ಕೇಳೋಕೆ ಹೊಳೆ ದಾಟಿ ಬಂದ್ನಾ ನಾನು? ನನ್ ಮಗನ್ನ ಏನ್ ಮಾಡಿದ್ರಿ?"

"ಮಗ ಹುಟ್ಟಲಿಲ್ಲ ಅಂದುಕೊಳ್ಳುತ್ತೇನೆ ಅಂತ ನೀನೇ ಹೇಳಿಹೋಗಿದ್ದೆಯಲ್ಲಪ್ಪ," ಅಂದರು ಗುರುಗಳು. "ಸರಿಯಾಗೇ ಅಂದಿದ್ದೀಯ. ಬಾ, ಕೂತುಕೋ. ನಿನ್ನ ಕೈ ಕೊಡು."

ದೊಡ್ಡೀರಯ್ಯ ಕೂತು ಬಲಗೈ ಚಾಚಿದ. ಶ್ರೀಕಂಠ ಬೆರಳಿಟ್ಟು ಬೆಚ್ಚಿದ. "ಗುರುಗಳೇ, ಇದೂ ಅದೇ. ನಿದ್ದೆಯಿಲ್ಲ. ಭಯ."

ಅಷ್ಟಕ್ಕೇ ಆ ಗಟ್ಟಿ ಆಳು ಕುಸಿದು ಅತ್ತ.

"ಜನ ನಗ್ತಾರೆ ಬುದ್ಧಿ. ನಕ್ಕೊಳ್ಲಿ, ಬುಡಿ. ಕಲ್ಲು ಹೊಡೆದ್ರೆ? ನಾನು ಮಿಲ್ಲಲ್ಲಿರೋವಾಗ ಯಾರಾದ್ರೂ ನುಗ್ಗಿ ಏನಾದ್ರೂ ಮಾಡಿದ್ರೆ? ಅದಕ್ಕೇ ಗಂಡಾಗಿ ಇದ್ಬುಡ್ಲಿ ಅಂತ ಹೊಡ್ದೆ."

"ಆ ಕಾಯಿಲೆ ಊರಿಗೆ ಅಂಟಿರುವುದು," ಅಂದರು ಗುರುಗಳು. "ಅದರ ಮದ್ದನ್ನು ಮಗುವಿಗೆ ಕುಡಿಸಿದರೆ ಹೇಗೆ?"

"ಊರಿಗೆ ಕುಡಿಸೋರು ಯಾರು?"

"ನಿನ್ನ ಮಿಲ್ಲಿಗೆ ಬಾರದವರು ಯಾರಿದ್ದಾರೆ?"

ದೊಡ್ಡೀರಯ್ಯ ಮುಖ ಒರೆಸಿಕೊಂಡು ಯೋಚಿಸಿದ. "ಎಲ್ಲಾ ಬತ್ತಾರೆ. ಬಂದೋರ್ಗೆಲ್ಲ ನಾನೇ ಹೇಳ್ಬೇಕು," ಅಂದ.

ಹೊನ್ನಮ್ಮ ಕಂಬದ ಹಿಂದೆ ನಿಂತಿದ್ದಳು. ಅಪ್ಪ ಅವಳನ್ನು ನೋಡಿದ. ನಿಜವಾಗಿ ನೋಡಿದ್ದು ಬಹುಶಃ ಆಗಲೇ.

"ಏನ್ ಹೆಸರಿಟ್ಕೊಂಡಿದ್ದೀಯಾ?"

"ಹೊನ್ನಮ್ಮ ಅಂತ."

"ನಮ್ಮವ್ವನ ಹೆಸ್ರಾ!"

"ಅಜ್ಜಿ ಮಾತು ನೀನು ಒಂದಿನಾನೂ ಮೀರ್ಲಿಲ್ವಂತೆ. ಆ ಹೆಸರಿದ್ರೆ ನೀನು ಬಯ್ಯಲ್ಲ ಅಂದ್ಕೊಂಡೆ."

ದೊಡ್ಡೀರಯ್ಯನಿಗೆ ಅಳುವಿನ ನಡುವೆಯೇ ನಗು ಬಂತು. ಎಸೆದ ಗಂಟನ್ನು ಎತ್ತಿ ಧೂಳು ಕೊಡವಿದ. "ಮೇಲ್ಗಡೆ ಇರೋದು ನಾನು ತಂದ ಪಂಚೆ, ಶರ್ಟು. ಕೆಳಗೆ ನಿಮ್ಮವ್ವ ಒಂದು ಸೀರೆ ಇಟ್ಟವ್ಳೆ. ನಾನು ನೋಡ್ಲಿಲ್ಲ ಅಂದ್ಕೊಂಡವ್ಳೆ." ಸ್ವಲ್ಪ ತಡೆದು ಹೇಳಿದ, "ನಂಗೆ ಅಭ್ಯಾಸ ಆಗೋವರ್ಗೂ ಬಾಯಿ ತಪ್ತದೆ. ಒಸಿ ತಡ್ಕೋ."

ಬಿಸಿಲು ಇಳಿಯುವ ಮುಂಚೆ ಇಬ್ಬರೂ ಹೊಳೆಗೆ ಇಳಿದರು. ಹೊನ್ನಮ್ಮನ ಸೀರೆಯ ನೆರಿಗೆ ಕಾಲಿಗೆ ತೊಡರುತ್ತಿತ್ತು. ತೆಪ್ಪದಲ್ಲಿ ಮೊದಲು ಹತ್ತಿ ನಿಂತ ದೊಡ್ಡೀರಯ್ಯ ತನ್ನ ಕೈ ಚಾಚಿದ.

"ಕೈ ಕೊಡವ್ವ."

ಹಸಿರು ಬಳೆಯ ಕೈ ಕೊಟ್ಟಳು. ಅಪ್ಪ ಗಟ್ಟಿಯಾಗಿ ಹಿಡಿದುಕೊಂಡ.

ತೆಪ್ಪ ನಡುಹೊಳೆ ದಾಟುವವರೆಗೂ ಶ್ರೀಕಂಠ ದಡದಲ್ಲಿ ನಿಂತಿದ್ದ. ಹಿಂದಿರುಗಿ ಬಂದಾಗ ಗುರುಗಳು ಚಾಪೆಯ ಕೊನೆಯ ಅಂಚನ್ನು ಕಟ್ಟುತ್ತಿದ್ದರು.

"ನನಗೇ?"

"ಇನ್ನಾರಿಗೆ? ಬೆಳಿಗ್ಗೆಯಿಂದ ಇದರ ಮೇಲೆ ಕೂರು."

ಶ್ರೀಕಂಠ ಕಾಲಿಗೆ ಬಿದ್ದ. ಎದ್ದವನಿಗೆ ಒಂದು ಅನುಮಾನ ಉಳಿದಿತ್ತು.

"ಗುರುಗಳೇ, ಮೊದಲ ಪಾಠದಲ್ಲೇ ಎಡವಿದವನು ನಾನು. ಇನ್ನು ಮೇಲೆ ಬಂದವರ ಯಾವ ಕೈ ಹಿಡಿದು ನಾಡಿ ನೋಡಲಿ?"

ಗುರುಗಳು ಉಳಿದ ಜೊಂಡನ್ನು ಕತ್ತರಿಸಿ, ಚಾಪೆ ಸುತ್ತಿ ಅವನ ಕೈಗಿಟ್ಟರು.

"ಕೊಟ್ಟ ಕೈ."