ದಾಖಲಾತಿ ಪುಸ್ತಕದ ಅನುಮಾನ

ಊರಂಚಿನ ಸರ್ಕಾರಿ ಹೈಸ್ಕೂಲು ಬಾಗಿಲಿಗೆ ಬಂದ ಯಾವ ಮಗುವನ್ನೂ ಹಿಂದಕ್ಕೆ ಕಳಿಸಿದ್ದಿಲ್ಲ. ಐವತ್ತು ವರ್ಷಗಳಲ್ಲಿ ಸೇರಿದ ಆ ಮಕ್ಕಳ ಹೆಸರುಗಳೆಲ್ಲ ಇದ್ದದ್ದು ಬೀರುವಿನೊಳಗಿನ ದಾಖಲಾತಿ ಪುಸ್ತಕದಲ್ಲಿ. ಅದಕ್ಕೆ ಬೀರುವಿನ ಮೂಲೆಯಿಂದ ಮಾತಿಲ್ಲದೆ ದಿಟ್ಟಿಸುವ ಹಲ್ಲಿಯೊಂದರ ಮೇಲೆ ಬಲವಾದ ಅನುಮಾನ.

"ನನ್ನ ಮೇಲೇಕೆ ನಿನ್ನ ಕಣ್ಣು?" ಎಂದಿತು ಪುಸ್ತಕ.

"ನಿಮ್ಮ ಮೇಲಲ್ಲ, ಹುಳುಗಳ ಮೇಲೆ," ಎಂದಿತು ಹಲ್ಲಿ.

"ನಂಬಲಾರೆ. ತೊಲಗು!"

ಹಲ್ಲಿ ಬೀರುವಿನ ಬಾಗಿಲ ಸಂದಿನಿಂದ ಹೊರಟುಹೋಯಿತು. ಮರುದಿನವೇ ಗೆದ್ದಲೊಂದು ಬಂದು ಕೈಮುಗಿಯಿತು.

"ಸ್ವಾಮಿ, ಈ ಶಾಲೆಯ ಇತಿಹಾಸವೆಂದರೆ ನನಗೆ ಪ್ರಾಣ. ಮೊದಲ ಪುಟದಿಂದಲೇ ಆರಂಭಿಸಲೇ?"

ಪುಸ್ತಕ ಹಿಗ್ಗಿ ತೆರೆದುಕೊಂಡಿತು.

ಸುವರ್ಣ ಮಹೋತ್ಸವ ಬಂತು. ಮುಖ್ಯೋಪಾಧ್ಯಾಯಿನಿ ರಟ್ಟು ಎತ್ತಿದಾಗ ಒಳಗಿಂದ ಮಣ್ಣು ಉದುರಿತು.

"ನಮ್ಮಲ್ಲಿ ಮೊದಲು ಸೇರಿದವರು ಯಾರು?" ಎಂದು ಅವರು ಗಾಬರಿಯಿಂದ ಕೇಳಿದರು.

ಪುಸ್ತಕ ಎಷ್ಟು ತಡಕಾಡಿದರೂ ಒಂದು ಹೆಸರೂ ನೆನಪಾಗಲಿಲ್ಲ.