ಬಲೆ ನುಂಗಿದ ಹೊನ್ನಿ

ಕಳ್ಳಿಬೇಲಿಯಲ್ಲಿ ಹೊನ್ನಿ ಎಂಬ ದೊಡ್ಡ ಜೇಡ ಬಲೆ ನೇಯ್ದು ಬಾಳುತ್ತಿದ್ದಳು. ಆ ಬಲೆಯ ಅಂಚಿನಲ್ಲೇ ಚೋಟ ಎಂಬ ಸಾಸಿವೆಕಾಳಿನಷ್ಟು ಜೇಡ ಠಿಕಾಣಿ ಹೂಡಿದ್ದ. ಹೊನ್ನಿ ನೊಣ ಹಿಡಿದು ಸುತ್ತಿಟ್ಟು ಅತ್ತ ತಿರುಗಿದರೆ ಸಾಕು, ಇವನು ಎಗರಿಸಿಬಿಡುತ್ತಿದ್ದ. ಅಟ್ಟಿಸಿಕೊಂಡು ಹೋದರೆ ಅವಳ ಭಾರಕ್ಕೆ ಬಲೆಯೇ ಹರಿಯುತ್ತಿತ್ತು. ಹೊನ್ನಿ ಸೊರಗಿದಳು, ಹೊಟ್ಟೆಯೊಳಗಿನ ಮೊಟ್ಟೆಗಳಿಗೂ ಕುತ್ತು ಬಂತು.

ಒಂದು ಬೆಳಗ್ಗೆ ಅವಳು ಕೇಳಿದಳು: "ಏನಯ್ಯಾ, ನೀನೂ ಜೇಡನೇ ತಾನೆ? ನಿನ್ನದೊಂದು ಬಲೆ ನೇಯಬಾರದೆ?"

"ನೇಯುವುದು ನಿನ್ನ ಹಣೆಬರಹ ತಾಯಿ, ತಿನ್ನುವುದು ನನ್ನದು. ಸಹಿಸಲಾಗದಿದ್ದರೆ ಬಿಟ್ಟು ಹೋಗು. ಇಷ್ಟು ಚಂದದ ಬಲೆ ಬಿಡಲು ನಿನಗೆ ಮನಸ್ಸು ಬಂದೀತೆ?"

"ಬಿಡುವುದೇಕೆ?" ಎಂದವಳೇ ಹೊನ್ನಿ ಬಲೆಯನ್ನು ಎಳೆ ಎಳೆಯಾಗಿ ಕಿತ್ತು ನುಂಗತೊಡಗಿದಳು. ಚೋಟ ಒಂದೆಳೆಯಿಂದ ಇನ್ನೊಂದಕ್ಕೆ ಹಾರಿದ. ಅದೂ ಅವಳ ಬಾಯಿ ಸೇರಿತು. ಕೊನೆಯ ಎಳೆಯೂ ಹೋದಾಗ, ತನ್ನ ನೂಲು ಬಿಡುವುದನ್ನೇ ಮರೆತಿದ್ದ ಅವನು ಕೆಳಗಿನ ಇರುವೆ ಸಾಲಿನ ನಡುವೆ ಬಿದ್ದ.

"ಅಯ್ಯೋ, ಮನೆ ಹಾಳು ಮಾಡಿದೆಯಲ್ಲೇ!"

"ಹಾಳಾದದ್ದು ನಿನ್ನ ಮನೆ," ಎಂದಳು ಹೊನ್ನಿ. "ನನ್ನದು ನನ್ನ ಹೊಟ್ಟೆಯಲ್ಲಿದೆ."

ಸಂಜೆಯ ಹೊತ್ತಿಗೆ ಅದೇ ನೂಲು ಬೇಲಿಯಾಚೆ, ಮೊದಲಿಗಿಂತ ದೊಡ್ಡ ಬಲೆಯಾಗಿ ಹೊಳೆಯುತ್ತಿತ್ತು.